ಎಳ್ಳ ಅಮಾವಾಸ್ಯೆಯ ಮರುದಿನ ಕಾಸಿದ ತುಟಿಮುಲಾಮು

ಎಳ್ಳ ಅಮಾವಾಸ್ಯೆಯ ದಿನ ಹೊಲದಲ್ಲಿ ಭೂಮಿತಾಯಿಗೆ ನೈವೇದ್ಯದ ಚರಗ ಚೆಲ್ಲಿ, ಕುಟುಂಬದವರೆಲ್ಲ ಬೇವಿನ ಮರದ ಕೆಳಗೆ ಕೂತು ಉಣ್ಣುತ್ತಿದ್ದಾಗ, ಕಲಬುರಗಿಯ ಹಾಸ್ಟೆಲಿನಿಂದ ಹಬ್ಬಕ್ಕೆಂದು ಬಂದಿದ್ದ ಮಗಳು ಎರಡನೆಯ ತುತ್ತಿಗೇ ಸಜ್ಜೆ ರೊಟ್ಟಿಯನ್ನು ಕೆಳಗಿಟ್ಟು ಕಣ್ಣಲ್ಲಿ ನೀರು ತಂದುಕೊಂಡಳು. ಕಾಳು, ಸೊಪ್ಪು ಬೇಯಿಸಿ ಮಾಡುವ ಭಜ್ಜಿ ಪಲ್ಯದ ಹಸಿಮೆಣಸಿನಕಾಯಿ ಅವಳ ಒಡೆದ ತುಟಿಗೆ ತಾಗಿತ್ತು. ಕೆಳತುಟಿಯ ನಡುವೆ ಒಂದು ಸೀಳು ರಕ್ತ ಜಿನುಗುವಷ್ಟು ಆಳವಾಗಿತ್ತು, ಬಾಯಿಯ ಎರಡೂ ಮೂಲೆಗಳು ಕೆಂಪಾಗಿದ್ದವು. ವರ್ಷಕ್ಕೊಮ್ಮೆ ಮಾತ್ರ ಸಿಗುವ ಆ ಊಟವನ್ನು ಬಿಟ್ಟು ಅವಳು ಅಂಬಲಿಯನ್ನಷ್ಟೇ ಕುಡಿದು ಎದ್ದದ್ದು ನನ್ನನ್ನು ಇಡೀ ದಿನ ಕಾಡಿತು.

ಬೀದರಿನ ಚಳಿ ಒಣ ಚಳಿ. ಎತ್ತರದ ಬಯಲಿನ ಮೇಲೆ ಬೀಸುವ ಗಾಳಿಗೆ ಮುಖದ ಚರ್ಮ ಬಿಗಿಯುತ್ತದೆ, ಹಿಮ್ಮಡಿ ಒಡೆಯುತ್ತದೆ, ಶೀಶೆಯಲ್ಲಿ ಗಟ್ಟಿಯಾದ ಕೊಬ್ಬರಿ ಎಣ್ಣೆಯನ್ನು ಬೆಳಿಗ್ಗೆ ಬಿಸಿಲಿಗಿಟ್ಟು ಕರಗಿಸಿಕೊಳ್ಳದೆ ತಲೆಗೆ ಹಚ್ಚಲಾಗುವುದಿಲ್ಲ. ಮಗಳ ಕೈಚೀಲದಲ್ಲಿ ಅಂಗಡಿಯ ತುಟಿಮುಲಾಮಿನ ಕೊಳವೆಯೊಂದಿತ್ತು. ಪುದೀನ ಸತ್ವ ಸೇರಿಸಿದ ಅಂಥ ಮುಲಾಮು ಹಚ್ಚಿದೊಡನೆ ತಂಪೆನಿಸಿದರೂ ಒಡೆದ ಚರ್ಮವನ್ನು ಇನ್ನಷ್ಟು ಕೆರಳಿಸಬಲ್ಲದು. ಅವಳು ಉರಿಯಾದಾಗಲೆಲ್ಲ ಅದನ್ನೇ ಮತ್ತೆ ಹಚ್ಚುತ್ತಿದ್ದಳು, ನಡುನಡುವೆ ನಾಲಿಗೆಯಿಂದ ತುಟಿ ಸವರಿಕೊಳ್ಳುತ್ತಿದ್ದಳು.

ಮನೆಗೆ ಬಂದ ಮೇಲೆ ಅತ್ತೆಯವರು ತಮಗೆ ತಿಳಿದ ಮದ್ದು ಹೇಳಿದರು: "ಹೊಕ್ಕಳಿಗೆ ಎಣ್ಣಿ ಬಿಡು, ತುಟಿಗೆ ತುಪ್ಪ ಹಚ್ಚು." ಹೊಕ್ಕಳಿನ ಎಣ್ಣೆ ತುಟಿಗೆ ತಲುಪುವ ದಾರಿ ದೇಹದಲ್ಲಿಲ್ಲವಾದ್ದರಿಂದ ಆ ಮಾತನ್ನು ನಾನು ಒಪ್ಪಲಿಲ್ಲ, ಆದರೆ ತುಪ್ಪದ ಮಾತಿನಲ್ಲಿ ತಿರುಳಿದೆ. ತುಟಿಯ ಚರ್ಮ ಮೈಯ ಉಳಿದ ಚರ್ಮಕ್ಕಿಂತ ಬಹಳ ತೆಳು, ಅದಕ್ಕೆ ಬೆವರಿನ ಗ್ರಂಥಿಗಳಿಲ್ಲ, ಜಿಡ್ಡು ಸ್ರವಿಸುವ ಗ್ರಂಥಿಗಳೂ ಇಲ್ಲವೆನ್ನುವಷ್ಟು ಕಡಿಮೆ. ತನ್ನದೇ ಜಿಡ್ಡಿಲ್ಲದ ಚರ್ಮಕ್ಕೆ ಹೊರಗಿನಿಂದ ಜಿಡ್ಡು ಕೊಡಲೇಬೇಕು. ನಾಲಿಗೆಯ ತೇವ ಕ್ಷಣಕಾಲ ಹಿತವೆನಿಸಿ, ಆರುವಾಗ ತುಟಿಯ ತೇವವನ್ನೂ ಸೆಳೆದುಕೊಂಡು ಹೋಗುತ್ತದೆ. ಅನ್ನವನ್ನು ಜೀರ್ಣಿಸಲೆಂದು ಇರುವ ಜೊಲ್ಲು ಆ ತೆಳು ಚರ್ಮವನ್ನು ಕೆರಳಿಸುವುದೂ ಉಂಟು. ತುಪ್ಪದ ಕೊರತೆ ಒಂದೇ: ಅದು ತುಟಿಯ ಮೇಲೆ ನಿಲ್ಲುವುದಿಲ್ಲ. ನಿಲ್ಲಬೇಕಾದರೆ ಮೇಣ ಬೇಕು.

ಹಿಂದಿನ ವರ್ಷವೂ ಒಮ್ಮೆ ನಾನು ತುಟಿಮುಲಾಮು ಮಾಡಲು ಹೋಗಿದ್ದೆ. ಕೊಬ್ಬರಿ ಎಣ್ಣೆಗೆ ಜೇನುತುಪ್ಪ, ಬೀಟ್‌ರೂಟ್ ರಸ, ನಾಲ್ಕು ಹನಿ ನಿಂಬೆರಸ ಹಾಕಿ ಕಲಸಿದ್ದೆ. ಜೇನುತುಪ್ಪ ಎಣ್ಣೆಯೊಡನೆ ಬೆರೆಯದೆ ಡಬ್ಬಿಯ ತಳದಲ್ಲಿ ಮುದ್ದೆಯಾಗಿ ಕೂತಿತು, ಬೀಟ್‌ರೂಟಿನ ನೀರು ಬೇರೆಯಾಗಿ ನಿಂತು ಕೆಲವೇ ದಿನಗಳಲ್ಲಿ ಬೂಷ್ಟು ಹಿಡಿಯಿತು, ನಿಂಬೆರಸವಂತೂ ಹಚ್ಚಿದ ಮೊದಲ ದಿನವೇ ಉರಿಯಿತು. ನೀರಿನ ಅಂಶವಿರುವ ಯಾವುದೂ ಮನೆಯ ಮುಲಾಮಿಗೆ ಸಲ್ಲದು, ಎಣ್ಣೆ ಮತ್ತು ಮೇಣ ಮಾತ್ರ ಸೇರಿದರೆ ಅದಕ್ಕೆ ಬೂಷ್ಟು ಸುಲಭವಾಗಿ ಬರುವುದಿಲ್ಲ ಎಂಬುದನ್ನು ಆ ಡಬ್ಬಿಯಿಂದ ಕಲಿತೆ.

ಈ ಸಲ ಮೇಣ ಹಬ್ಬದ ದಿನ ಹೊಲದಲ್ಲಿಯೇ ಸಿಕ್ಕಿತು. ಪಕ್ಕದ ಹೊಲದ ಬದುವಿನಲ್ಲಿ ಜೇನುಪೆಟ್ಟಿಗೆಗಳನ್ನು ಇರಿಸಿದ್ದ ಸಾಕಣೆದಾರರು ಜೇನು ತೆಗೆದ ಬಳಿಕ ಉಳಿದ ಹಳೆಯ ಎರಿಗಳನ್ನು ಕಾಲು ಕಿಲೋದಷ್ಟು ಕೊಟ್ಟರು. ಕೆಲಸಗಾರ ಜೇನುಹುಳುಗಳು ತಮ್ಮ ಹೊಟ್ಟೆಯ ಕೆಳಭಾಗದ ಗ್ರಂಥಿಗಳಿಂದ ತೆಳ್ಳಗಿನ ಪದರಗಳಾಗಿ ಸ್ರವಿಸಿ, ಅಗಿದು ಕಟ್ಟಿದ ವಸ್ತು ಅದು. ಎರಿ ಕಪ್ಪಾಗಿತ್ತು, ಅದರಲ್ಲಿ ಪರಾಗ, ಹುಳದ ಪೊರೆ, ಮಣ್ಣು ಎಲ್ಲವೂ ಇದ್ದವು. ಅದನ್ನು ಹಳೆಯ ಧೋತರದ ತುಂಡಿನಲ್ಲಿ ಗಂಟು ಕಟ್ಟಿ, ತಪೇಲಿಯ ನೀರಿನಲ್ಲಿ ಮುಳುಗಿಸಿ, ನೀರು ಕುದಿಯಲು ಬಿಡದೆ ಸಣ್ಣ ಉರಿಯಲ್ಲಿ ಕಾಸಿದೆ. ಜೇನುಮೇಣ 62ರಿಂದ 64 ಡಿಗ್ರಿಯೊಳಗೆ ಕರಗುತ್ತದೆ, ಆದ್ದರಿಂದ ಕುದಿಸುವ ಅಗತ್ಯವೇ ಇಲ್ಲ, ಅತಿಯಾಗಿ ಕಾದರೆ ಅದರ ಬಣ್ಣ ಕಂದುತ್ತದೆ, ಪರಿಮಳವೂ ಹೋಗುತ್ತದೆ. ಗಂಟನ್ನು ಸೌಟಿನಿಂದ ಒತ್ತಿದಾಗಲೆಲ್ಲ ಹಳದಿ ಎಣ್ಣೆಯಂತೆ ಮೇಣ ಮೇಲೆ ತೇಲಿ ಬರತೊಡಗಿತು, ಅಡುಗೆಮನೆ ತುಂಬ ಜೇನಿನ ವಾಸನೆ ಹರಡಿತು. ರಾತ್ರಿಯಿಡೀ ಮುಟ್ಟದೆ ಬಿಟ್ಟ ತಪೇಲಿಯಲ್ಲಿ ಬೆಳಿಗ್ಗೆ ನೀರಿನ ಮೇಲೆ ಭಕ್ಕರಿಯಷ್ಟು ದುಂಡನೆಯ ಮೇಣದ ಬಿಲ್ಲೆ ನಿಂತಿತ್ತು. ಅದರ ಅಡಿಗೆ ಅಂಟಿದ್ದ ಕಸವನ್ನು ಚಾಕುವಿನಿಂದ ಹೆರೆದು, ತೇವವನ್ನು ಒರೆಸಿ, ಮತ್ತೊಮ್ಮೆ ಕರಗಿಸಿ ಮಸ್ಲಿನ್ ಬಟ್ಟೆಯಲ್ಲಿ ಸೋಸಿದಾಗ ತೊಗರಿಬೇಳೆಯ ಬಣ್ಣದ ಶುದ್ಧ ಮೇಣ ದೊರೆಯಿತು. ಇಷ್ಟು ಶ್ರಮ ಬೇಡವೆನ್ನುವವರು ಕೊಂಡ ಮೇಣವನ್ನೇ ಬಳಸಬಹುದು, ಆದರೆ ಮೇಣದಬತ್ತಿಯ ಬಿಳಿ ಪ್ಯಾರಾಫಿನ್ ಜೇನುಮೇಣವಲ್ಲ ಎಂಬುದು ನೆನಪಿರಲಿ.

ಎಣ್ಣೆಯ ಆಯ್ಕೆಯಲ್ಲಿ ಮನೆಯಲ್ಲಿ ಚರ್ಚೆ ನಡೆಯಿತು. ನಮ್ಮ ಕಡೆಯ ಕುಸುಬಿ ಎಣ್ಣೆಯನ್ನೇ ಹಾಕಬೇಕೆಂದು ಅತ್ತೆಯವರ ಇಚ್ಛೆ, ಆದರೆ ಅದು ಬೇಗ ಕನರುವ ಎಣ್ಣೆ, ತಿಂಗಳುಗಟ್ಟಲೆ ಡಬ್ಬಿಯಲ್ಲಿರಬೇಕಾದ ಮುಲಾಮಿಗೆ ಒಗ್ಗದು. ನಾನು ಕೊಬ್ಬರಿ ಎಣ್ಣೆಯ ಜೊತೆಗೆ ಔಡಲೆಣ್ಣೆಯನ್ನು, ಅಂದರೆ ಹರಳೆಣ್ಣೆಯನ್ನು, ಆರಿಸಿಕೊಂಡೆ. ಇದರ ಹಿಂದೆ ಒಂದು ಕಾರಣವಿದೆ. ನಮ್ಮ ಓಣಿಯಲ್ಲಿ ಬಿದ್ರಿ ಕೆಲಸದ, ಅಂದರೆ ಕಪ್ಪು ಲೋಹದ ಮೇಲೆ ಬೆಳ್ಳಿಯ ಕುಸುರಿ ಕೂರಿಸುವ ಬೀದರಿನ ಕಲೆಯ, ಒಂದು ಮನೆಯಿದೆ, ಅಲ್ಲಿ ಸತು ಮತ್ತು ತಾಮ್ರದ ಎರಕ ಹೊಯ್ಯುವ ಅಚ್ಚಿಗೆ ಮಣ್ಣನ್ನು ಔಡಲೆಣ್ಣೆ ಮತ್ತು ರಾಳದೊಡನೆ ಹದಗೊಳಿಸುವುದನ್ನು ಚಿಕ್ಕಂದಿನಿಂದ ಕಂಡಿದ್ದೇನೆ. ಉದುರುವ ಮಣ್ಣಿನ ಕಣಗಳನ್ನು ಹಿಡಿದಿಡಲು ನೆರವಾಗುವ ಆ ದಪ್ಪ ಜಿಗುಟು ತುಟಿಯ ಮೇಲೂ ಎಣ್ಣೆಯನ್ನು ಹಿಡಿದಿಡುತ್ತದೆಂದು ನನಗೆ ತೋಚಿತು. ಅತಿಯಾದರೆ ತುಟಿ ಅಂಟಂಟಾಗುತ್ತದೆ, ಹಾಗಾಗಿ ಹಿತಮಿತವಾಗಿ ಬೆರೆಸಬೇಕು.

10 ಗ್ರಾಂ ಮೇಣ, 25 ಗ್ರಾಂ ಕೊಬ್ಬರಿ ಎಣ್ಣೆ, 15 ಗ್ರಾಂ ಔಡಲೆಣ್ಣೆ. ಇವನ್ನು ಸಣ್ಣ ತಕ್ಕಡಿಯಲ್ಲಿ ತೂಗಿ ಸ್ಟೀಲಿನ ಬಟ್ಟಲಿಗೆ ಹಾಕಿ, ಬಟ್ಟಲನ್ನು ಬಿಸಿನೀರಿನ ತಪೇಲಿಯೊಳಗಿಟ್ಟು ಕರಗಿಸಿದೆ. ಮೇಣ ಹೊತ್ತಿಕೊಳ್ಳುವ ವಸ್ತುವಾದ್ದರಿಂದ ನೇರ ಉರಿಯ ಮೇಲಿಡಬಾರದು, ತಪೇಲಿಯ ಹಬೆಯ ಹನಿ ಬಟ್ಟಲಿಗೆ ಬೀಳದಂತೆಯೂ ನೋಡಿಕೊಳ್ಳಬೇಕು. ಎಲ್ಲವೂ ತಿಳಿಯಾದಾಗ ಒಂದು ಹನಿಯನ್ನು ತಣ್ಣನೆಯ ಚಮಚದ ಬೆನ್ನಿಗೆ ಬಿಟ್ಟು, ಗಟ್ಟಿಯಾದ ಮೇಲೆ ಬೆರಳಿನಿಂದ ಒತ್ತಿ ನೋಡಿದೆ. ಬೆರಳಿನ ಬಿಸಿಗೆ ಮೆತ್ತಗಾಗಿ ಬೆಣ್ಣೆಯಂತೆ ಸವರಿಕೊಂಡಿತು. ಹದ ಬಂತೆಂದು ತೃಪ್ತಿಪಟ್ಟು, ಬಿಸಿನೀರಿನಲ್ಲಿ ತೊಳೆದು ಪೂರ್ತಿ ಒಣಗಿಸಿದ್ದ ಪುಟ್ಟ ಡಬ್ಬಿಗಳಿಗೆ ಸುರಿದೆ. ಪರಿಮಳಕ್ಕೆಂದು ಏನನ್ನೂ ಸೇರಿಸಲಿಲ್ಲ, ಒಡೆದ ತುಟಿಗೆ ಪರಿಮಳ ಬೇಕಿಲ್ಲ.

ಆ ರಾತ್ರಿ ಮಗಳು ಮೊಣಕೈಯ ಒಳಮಗ್ಗುಲಿಗೆ ಸ್ವಲ್ಪ ಹಚ್ಚಿಕೊಂಡು ಮಲಗಿದಳು, ಬೆಳಿಗ್ಗೆ ತುರಿಕೆಯಾಗಲಿ ಕೆಂಪಾಗಲಿ ಕಾಣದಿದ್ದುದರಿಂದ ತುಟಿಗೆ ಹಚ್ಚತೊಡಗಿದಳು. ಮುಲಾಮು ತಾನಾಗಿ ತೇವ ಕೊಡುವುದಿಲ್ಲ, ಇರುವ ತೇವ ಆರಿಹೋಗದಂತೆ ಮುಚ್ಚುತ್ತದೆ, ಆದ್ದರಿಂದ ಮೊದಲು ನೀರಿನಲ್ಲಿ ತುಟಿ ಒದ್ದೆ ಮಾಡಿಕೊಂಡು, ಮೆಲ್ಲಗೆ ಒತ್ತಿ ಒರೆಸಿ, ಆಮೇಲೆ ಹಚ್ಚಬೇಕೆಂದು ಹೇಳಿದೆ. ವಾರದೊಳಗೆ ಸೀಳು ಕೂಡಿಕೊಂಡಿತು. ಹಾಸ್ಟೆಲಿಗೆ ಮರಳುವಾಗ ಎರಡು ಡಬ್ಬಿ ಒಯ್ದಳು, ಗೆಳತಿಯರಿಗೂ ಕೊಟ್ಟಳು.

ಏಪ್ರಿಲಿನಲ್ಲಿ ಅವಳ ಫೋನು ಬಂತು. ಕಲಬುರಗಿಯ ಬಿಸಿಲು 42 ಡಿಗ್ರಿ ಮುಟ್ಟಿದ ದಿನ ಚೀಲದಲ್ಲಿದ್ದ ಡಬ್ಬಿ ಕರಗಿ, ಎಣ್ಣೆ ಸೋರಿ, ರಸಾಯನಶಾಸ್ತ್ರದ ಟಿಪ್ಪಣಿ ಪುಸ್ತಕದ ಹಾಳೆಗಳೆಲ್ಲ ಪಾರದರ್ಶಕವಾಗಿದ್ದವು. ತಪ್ಪು ನನ್ನದೇ ಆಗಿತ್ತು. ಕೊಬ್ಬರಿ ಎಣ್ಣೆ ಸುಮಾರು 25 ಡಿಗ್ರಿಗೇ ಕರಗುತ್ತದೆ. ನಾನು ಹದ ನೋಡಿದ ಚಮಚ ಬೀದರಿನ ಚಳಿಗಾಲದ ಬೆಳಗಿನದು, ಅದು ಆ ಬೆಳಗಿನ ಹದವನ್ನಷ್ಟೇ ಹೇಳಿತ್ತು. ನೂರು ಕಿಲೋಮೀಟರಿಗಿಂತ ತುಸು ಹೆಚ್ಚು ದೂರದ ಊರಿಗೆ, ನಾಲ್ಕು ತಿಂಗಳ ಆಚೆಗಿನ ಬಿಸಿಲಿಗೆ ಆ ಲೆಕ್ಕ ಸಲ್ಲುವುದಿಲ್ಲವೆಂದು ನಾನು ಯೋಚಿಸಿರಲೇ ಇಲ್ಲ. ಹಾಗೆ ನೋಡಿದರೆ ನಮ್ಮ ಸೀಮೆಯಲ್ಲಿ ತುಟಿ ಒಡೆಯುವುದು ಚಳಿಗೆ ಮಾತ್ರವಲ್ಲ, ಬೇಸಿಗೆಯ ಝಳಕ್ಕೂ ಒಡೆಯುತ್ತದೆ. ಒಂದೇ ಮುಲಾಮು ಎರಡನ್ನೂ ತಡೆಯಲಾರದು.

ಆಗ ನೆರವಿಗೆ ಬಂದದ್ದು ಶಿರಸಿಯ ಕಡೆಯ ಸಹೋದ್ಯೋಗಿಯೊಬ್ಬರು ರಜೆಯಿಂದ ತಂದುಕೊಟ್ಟ ಮುರುಗಲ (ಕೋಕಂ) ತುಪ್ಪ. ಮುರುಗಲು ಬೀಜದಿಂದ ತೆಗೆದ, ಮೊಟ್ಟೆಯಾಕಾರದ ಗಟ್ಟಿ ಉಂಡೆಗಳು ಅವು, ಅವರ ಮನೆಗಳಲ್ಲಿ ಒಡೆದ ತುಟಿಗೂ ಹಿಮ್ಮಡಿಗೂ ಅದನ್ನೇ ಹಚ್ಚುತ್ತಾರಂತೆ. 40 ಡಿಗ್ರಿಯ ಆಸುಪಾಸಿನವರೆಗೂ ಅದು ಗಟ್ಟಿಯಾಗಿಯೇ ಇರುತ್ತದೆ. ಈ ಸಲ ಮೇಣವನ್ನು 15 ಗ್ರಾಂಗೆ ಏರಿಸಿ, ಮುರುಗಲ ತುಪ್ಪ 10 ಗ್ರಾಂ, ಔಡಲೆಣ್ಣೆ 15 ಗ್ರಾಂ ಹಾಕಿ, ಕೊಬ್ಬರಿ ಎಣ್ಣೆಯನ್ನು 10 ಗ್ರಾಂಗೆ ಇಳಿಸಿದೆ. ಚಮಚದ ಪರೀಕ್ಷೆಯನ್ನು ಅಡುಗೆಮನೆಯಲ್ಲಿ ಮಾಡದೆ, ಮಧ್ಯಾಹ್ನ ಎರಡು ಗಂಟೆಗೆ ಒಂದು ಡಬ್ಬಿಯನ್ನು ಬಟ್ಟೆಯ ಚೀಲದಲ್ಲಿ ಹಾಕಿ ಮಾಳಿಗೆಯ ಮೇಲಿಟ್ಟು ಬಂದೆ. ಒಂದು ತಾಸಿನ ಬಳಿಕ ಹೋಗಿ ನೋಡಿದಾಗ ಅಂಚಿನಲ್ಲಿ ತುಸು ಮಿನುಗಿದ್ದನ್ನು ಬಿಟ್ಟರೆ ಮುಲಾಮು ಮುಲಾಮಾಗಿಯೇ ಉಳಿದಿತ್ತು.

ಈಗ ನಮ್ಮ ಕಪಾಟಿನಲ್ಲಿ ಎರಡು ಬಗೆಯ ಡಬ್ಬಿಗಳಿವೆ, ಒಂದರ ಮುಚ್ಚಳದ ಮೇಲೆ 'ಚಳಿ' ಎಂದೂ ಇನ್ನೊಂದರ ಮೇಲೆ 'ಬಿಸಿಲು' ಎಂದೂ ಬರೆದಿದ್ದೇನೆ. ಮೇ ತಿಂಗಳಲ್ಲಿ ಮಗಳು ಹುಮನಾಬಾದ ಮಾರ್ಗದ ರೈಲಿನಲ್ಲಿ ಊರಿಗೆ ಬಂದು, ನಿಲ್ದಾಣದಲ್ಲಿ ಇಳಿದವಳೇ ಚೀಲದಿಂದ ಬಿಸಿಲಿನ ಡಬ್ಬಿಯನ್ನು ತೆಗೆದು ಮುಚ್ಚಳ ಬಿಚ್ಚಿ ತೋರಿಸಿದಳು. ಮುಲಾಮಿನ ಮೇಲೆ ಅವಳ ಬೆರಳಿನ ಗುರುತು ಹಚ್ಚಿದಾಗ ಮೂಡಿದ್ದ ಹಾಗೆಯೇ ಇತ್ತು.