ಹಲಗೆಯ ಮೇಲೆ ಆಂಡಿಸ್: ರಾಗಿಕಾಳಿನ ಸೈನ್ಯ ಎಲ್ಲಿಗೆ ಬಂತು?

ಜೂನ್ 8

ಎಂಟಡಿ ನಾಲ್ಕಡಿಯ ಪ್ಲೈವುಡ್ ಹಾಳೆಯನ್ನು ಬಡಗಿಯ ಹತ್ತಿರ ನಡುವೆ ಕೊಯ್ಯಿಸಿ ತಂದೆ. ಅದರ ಮೇಲೆ ಇತಿಹಾಸದ ಎರಡು ದಂಡಯಾತ್ರೆಗಳ ಮಾದರಿ ಕಟ್ಟಬೇಕು: ಒಂದು ಅರ್ಧ ದಕ್ಷಿಣ ಅಮೆರಿಕದ ಆಂಡಿಸ್ ಪರ್ವತಕ್ಕೆ, ಇನ್ನೊಂದು ಅರ್ಧ ಗೋವಾಕ್ಕೆ. ಗೋವಾದ ಸರದಿ ಮುಂದಿನ ವರ್ಷ. ಕಾರವಾರದ ಎದುರಿಗಿರುವ ಅಂಜುದೀವ ದ್ವೀಪದಿಂದಲೇ ಅದನ್ನು ಶುರುಮಾಡಬೇಕೆಂದಿದೆ. 1510ರಿಂದ ಗೋವಾದಲ್ಲಿ ಬೀಡುಬಿಟ್ಟಿದ್ದ ಪೋರ್ಚುಗೀಸರು 1961ರ ಡಿಸೆಂಬರ್‌ನಲ್ಲಿ ಎರಡು ದಿನಗಳೊಳಗೆ ಶರಣಾದ ಕಥೆ ಅದು. ಈ ಸಲ ಸೋಲುವ ಸರದಿ ಸ್ಪೇನಿನದು: ಚಿಲಿಯನ್ನು ಸ್ಪೇನಿನ ಆಳ್ವಿಕೆಯಿಂದ ಬಿಡಿಸಲು 1817ರ ಜನವರಿಯಲ್ಲಿ ಸೇನಾಪತಿ ಹೊಸೆ ದೆ ಸಾನ್ ಮಾರ್ಟಿನ್ ತನ್ನ ಸೈನ್ಯದೊಂದಿಗೆ ಅರ್ಜೆಂಟೀನಾದ ಮೆಂಡೋಸಾದಿಂದ ಹೊರಟು, ಬೆಟ್ಟ ಹತ್ತಿ, ಚಿಲಿಯಲ್ಲಿ ಇಳಿದದ್ದು.

ಅಳತೆ ಹೀಗೆ: ಒಂದು ಸೆಂಟಿಮೀಟರಿಗೆ ಎರಡು ಕಿಲೋಮೀಟರ್. ಇದೇ ಲೆಕ್ಕದಲ್ಲಿ ಆಂಡಿಸ್‌ನ ಅತಿ ಎತ್ತರದ ಶಿಖರ, 6,961 ಮೀಟರಿನ ಅಕೊಂಕಾಗುವಾ ಮೂರೂವರೆ ಸೆಂಟಿಮೀಟರ್ ಆಗುತ್ತದೆ. ಕಾಗದ ಮುದ್ದೆಮಾಡಿ ಒಮ್ಮೆ ಇಟ್ಟು ನೋಡಿದೆ. ಪರ್ವತ ಶ್ರೇಣಿ ಸೆಟ್‌ದೋಸೆಯಂತೆ ಕಂಡಿತು. ಹಾಗಾಗಿ ಎತ್ತರವನ್ನು ಮೂರು ಪಟ್ಟು ಮಾಡಿಕೊಂಡಿದ್ದೇನೆ. ಈಗ ಹತ್ತೂವರೆ ಸೆಂಟಿಮೀಟರಿಗೆ ಹತ್ತಿರ. ನಮ್ಮ ಮನೆಯ ಮಾಳಿಗೆಯಿಂದ ಕಾಣುವ ಮುಳ್ಳಯ್ಯನಗಿರಿಯನ್ನು ಇದೇ ಹಲಗೆಯ ಮೇಲಿಟ್ಟರೆ ಮೂರು ಸೆಂಟಿಮೀಟರ್ ಕೂಡ ಆಗದು. ಬೇಜಾರಾಯಿತು, ಆದರೆ ಲೆಕ್ಕ ಲೆಕ್ಕವೇ.

ಜೂನ್ 29

ಚಿಕ್ಕಮಗಳೂರಿನ ಮಳೆಗಾಲದಲ್ಲಿ ಕಾಗದದ ಮುದ್ದೆಯ ಕೆಲಸ ಹಿಡಿಯುವವನಿಗೆ ಬುದ್ಧಿ ಇರುವುದಿಲ್ಲ. ಕೋಳಿಗೂಡಿನ ತಂತಿಜಾಲರಿಯನ್ನು ಬೆಟ್ಟದ ಆಕಾರಕ್ಕೆ ಬಗ್ಗಿಸಿ, ಅದರ ಮೇಲೆ ಹಳೆಯ ದಿನಪತ್ರಿಕೆ ಮತ್ತು ಮೈದಾ ಅಂಟಿನ ಮುದ್ದೆಯನ್ನು ಮೆತ್ತಿದ್ದೆ. ಹತ್ತನೆಯ ದಿನಕ್ಕೆ ಪೂರ್ವದ ಇಳಿಜಾರು ಪೂರ್ತಿ ಹಸಿರು ಬೂಸ್ಟು. ಆ ಕಡೆಯ ಆಂಡಿಸ್ ಮಳೆ ಕಾಣದ ಬೋಳು ಬೆಟ್ಟ. ನನ್ನದು ಮಾತ್ರ ಶೋಲಾ ಕಾಡು. ಪುಸ್ತಕ ಕಟ್ಟುವ ಹಿರಿಯರೊಬ್ಬರನ್ನು ಕೇಳಿದಾಗ, ಅಂಟು ಕಾಯಿಸುವಾಗಲೇ ಚಿಟಿಕೆ ಮೈಲುತುತ್ತ ಹಾಕಬೇಕಿತ್ತು ಎಂದರು. ಅದು ವಿಷ, ಕೈಗೆ ಚೀಲ ಹಾಕಿಕೊಂಡೇ ಕಲಸಬೇಕು. ಪೂರ್ವದ ಇಳಿಜಾರನ್ನು ಕಿತ್ತು ಎರಡನೆಯ ಸಲ ಕಟ್ಟುತ್ತಿದ್ದೇನೆ.

ಜುಲೈ 13

ಬೆಟ್ಟ ಒಣಗುವವರೆಗೆ ಸುಮ್ಮನಿರಲಾಗದೆ ಎಂ-ಸೀಲ್ ಕಲಸಿ ಸೇನಾಪತಿಯನ್ನು ಮಾಡಿದೆ. ಹೆಬ್ಬೆರಳಿನ ಉಗುರಿನಷ್ಟು ಮನುಷ್ಯ, ಕೆಳಗೆ ಮುಂಗಾಲೆತ್ತಿದ ಬಿಳಿ ಕುದುರೆ. ಚೆನ್ನಾಗಿಯೇ ಬಂದಿತ್ತು. ಆಮೇಲೆ ಓದುತ್ತ ಹೋದಾಗ ಗೊತ್ತಾಯಿತು: ಬೆಟ್ಟ ದಾಟುವಾಗ ಆತ ಕೂತದ್ದು ಹೇಸರಗತ್ತೆಯ ಮೇಲೆ. ಹೊಟ್ಟೆಹುಣ್ಣಿನ ರೋಗಿ, ನೋವಿಗೆ ಅಫೀಮಿನ ಔಷಧ ಕುಡಿಯುತ್ತಿದ್ದವನು. ಚೌಕಗಳಲ್ಲಿ ನಿಲ್ಲಿಸಿದ ಕಂಚಿನ ಪ್ರತಿಮೆಗಳಲ್ಲಿ ಮಾತ್ರ ಕುದುರೆ ಕೆನೆಯುತ್ತದೆ. ಆ ಎತ್ತರದ ಕಲ್ಲುದಾರಿಯಲ್ಲಿ ಕುದುರೆಯನ್ನು ಮುಂಗಾಲೆತ್ತಿಸಿದರೆ ಸವಾರನ ಸಮೇತ ಕಮರಿಯ ಪಾಲು.

ಇನ್ನೊಂದು ಮಾಡುವ ತಾಳ್ಮೆ ಇರಲಿಲ್ಲ. ಬ್ಲೇಡಿನಿಂದ ಮುಂಗಾಲು ಕತ್ತರಿಸಿ ಕೆಳಗಿಳಿಸಿದೆ, ಕಿವಿ ಎಳೆದು ಉದ್ದ ಮಾಡಿದೆ, ಬಾಲದ ಕುಚ್ಚು ಸಣ್ಣದಾಗಿಸಿದೆ, ಬಿಳಿಯ ಮೇಲೆ ಕಂದು ಬಳಿದೆ. ಸೇನಾಪತಿಯ ಬೆನ್ನನ್ನೂ ಸ್ವಲ್ಪ ಬಗ್ಗಿಸಿದೆ. ಈಗ ಆತ ವೀರನಿಗಿಂತ ಹೆಚ್ಚಾಗಿ ಸಂತೆಯಿಂದ ಮರಳುವ ದಣಿದ ವ್ಯಾಪಾರಿಯಂತೆ ಕಾಣುತ್ತಾನೆ. ನನಗೆ ಇದೇ ಇಷ್ಟವಾಗಿದೆ.

ಜುಲೈ 27

ದಾರಿ ಹಾಕುವ ಕೆಲಸ. ಸೈನ್ಯ ಒಟ್ಟು ಆರು ದಾರಿಗಳಲ್ಲಿ ಹೋಯಿತು. ಅವುಗಳಲ್ಲಿ ನಾಲ್ಕರದ್ದು ಸಣ್ಣ ತುಕಡಿಗಳು. ಶತ್ರುವಿನ ಗಮನ ಹಂಚಿಹೋಗಲೆಂದು ಉತ್ತರಕ್ಕೂ ದಕ್ಷಿಣಕ್ಕೂ ಕಳಿಸಿದವು. ನಾನು ತೋರಿಸುವುದು ಮುಖ್ಯವಾದ ಎರಡನ್ನು ಮಾತ್ರ. ಲೋಸ್ ಪಾಟೋಸ್ ದಾರಿಗೆ ಕೆಂಪು ದಾರ. ಸಾನ್ ಮಾರ್ಟಿನ್, ಚಿಲಿಯ ಸೇನಾನಿ ಓಹಿಗಿನ್ಸ್ ಮತ್ತು ಬಹುಪಾಲು ಸೈನ್ಯ ಹೋದದ್ದು ಇದರಲ್ಲಿ. ಉಸ್ಪಯಾಟಾ ದಾರಿಗೆ ನೀಲಿ ದಾರ. ಲಾಸ್ ಹೆರಾಸ್ ಎಂಬ ಅಧಿಕಾರಿಯ ದಂಡು ಮತ್ತು ಫಿರಂಗಿಗಳು ಇದರಲ್ಲಿ. ಆ ಫಿರಂಗಿಗಳ ಉಸ್ತುವಾರಿ ಲೂಯಿಸ್ ಬೆಲ್ಟ್ರಾನ್ ಎಂಬ ಫ್ರಾನ್ಸಿಸ್ಕನ್ ಪಾದ್ರಿಯದು. ಚರ್ಚಿನ ಗಂಟೆಗಳನ್ನು ಕರಗಿಸಿ ಎರಕ ಹೊಯ್ದವನು ಆತ. ಅವನ ಕುಲುಮೆಯೊಂದನ್ನು ಮೆಂಡೋಸಾದ ಮೂಲೆಯಲ್ಲಿ ಇಡಬೇಕು, ಮರೆಯಬಾರದು.

ಈ ಎರಡು ದಾರಿಗಳನ್ನು ಪತ್ತೆಮಾಡಿದ ಬಗೆಯೇ ಇಡೀ ಕಥೆಯಲ್ಲಿ ನನಗೆ ಬಹಳ ಹಿಡಿಸಿದ್ದು. 1816ರ ಜುಲೈ 9ರಂದು ಅರ್ಜೆಂಟೀನಾದ ಟುಕುಮಾನ್‌ನಲ್ಲಿ ಸ್ವಾತಂತ್ರ್ಯ ಘೋಷಣೆಯಾಯಿತು. ಅದರ ಒಂದು ಪ್ರತಿಯನ್ನು ಅಲ್ವಾರೆಜ್ ಕೊಂಡಾರ್ಕೊ ಎಂಬ ಎಂಜಿನಿಯರ್ ಅಧಿಕಾರಿಯ ಕೈಗೆ ಕೊಟ್ಟು, ಚಿಲಿಯ ಸ್ಪ್ಯಾನಿಷ್ ಗವರ್ನರ್‌ಗೆ ಒಪ್ಪಿಸಿ ಬಾ ಎಂದು ಸಾನ್ ಮಾರ್ಟಿನ್ ಕಳಿಸಿದ. ಹೋಗುವಾಗ ಉದ್ದದ ಲೋಸ್ ಪಾಟೋಸ್ ದಾರಿ. ಗವರ್ನರ್ ಸಿಟ್ಟಾಗುತ್ತಾನೆ, ಹತ್ತಿರದ ದಾರಿಯಿಂದಲೇ ಇವನನ್ನು ಹೊರಗಟ್ಟುತ್ತಾನೆ ಎಂಬುದು ಸಾನ್ ಮಾರ್ಟಿನ್‌ನ ಎಣಿಕೆ. ಹಾಗೆಯೇ ಆಯಿತು. ಕಾಗದವನ್ನು ಸುಡಿಸಿ, ದೂತನನ್ನು ಉಸ್ಪಯಾಟಾ ಮೂಲಕ ವಾಪಸು ಅಟ್ಟಿದರು. ಟಿಪ್ಪಣಿ ಬರೆದುಕೊಂಡರೆ ಬೇಹುಗಾರನೆಂದು ಕುತ್ತಿಗೆಗೆ ಬರುತ್ತದೆ. ಹಾಗಾಗಿ ಏರು, ತಿರುವು, ನೀರಿರುವ ಜಾಗ ಎಲ್ಲವನ್ನೂ ಆತ ತಲೆಯಲ್ಲಿಟ್ಟುಕೊಂಡು ಬಂದು ಮೆಂಡೋಸಾದಲ್ಲಿ ನಕ್ಷೆ ಬರೆದ. ಶತ್ರುವಿನ ಕಾವಲಿನಲ್ಲೇ ಎರಡು ದಾರಿಗಳ ಸರ್ವೆ!

ಇದನ್ನು ಓದಿದ ಮೇಲೆ ನಾನೂ ಒಂದು ಪರೀಕ್ಷೆ ಮಾಡಿಕೊಂಡೆ. ನೂರಾರು ಸಲ ಹೋಗಿಬಂದಿರುವ ಬಾಬಾಬುಡನ್‌ಗಿರಿ ರಸ್ತೆಯ ತಿರುವುಗಳನ್ನು ನೆನಪಿನಿಂದ ಬರೆಯಲು ಕುಳಿತೆ. ಕೈಮರ ದಾಟಿ ಐದಾರು ತಿರುವು ಆಗುವಷ್ಟರಲ್ಲಿ ಎಡ ಬಲ ಕಲಸಿಹೋಯಿತು. ಕೆಂಪು ದಾರವನ್ನು ಗುಂಡುಸೂಜಿಯಿಂದ ಕೂರಿಸುವಾಗ ಆ ಮನುಷ್ಯನ ಮೇಲೆ ಗೌರವ ಇನ್ನಷ್ಟು ಹೆಚ್ಚಿತು.

ಆಗಸ್ಟ್ 17

ಈಗ ಹೇಸರಗತ್ತೆಗಳು. ಒಂದು ಲೆಕ್ಕದಲ್ಲಿ 9,281, ಇನ್ನೊಂದರಲ್ಲಿ 10,600. ನಾನು ದುಂಡಗೆ ಹತ್ತು ಸಾವಿರ ಹಿಡಿದಿದ್ದೇನೆ. ಇವಲ್ಲದೆ 1,600 ಕುದುರೆ, ಊಟಕ್ಕೆಂದು ಹೊಡೆದುಕೊಂಡು ಹೋದ 700 ದನ. ಜನವೋ, ಸುಮಾರು 4,000 ಸೈನಿಕರು, ಪ್ರಾಣಿ-ಸಾಮಾನು ನೋಡಿಕೊಳ್ಳಲು 1,200 ಮಂದಿ. ಎಂದರೆ ತಲೆಗೆ ಎರಡು ಹೇಸರಗತ್ತೆ. ಹೇರಿನಲ್ಲಿ ಒಣಮಾಂಸವನ್ನು ಕುಟ್ಟಿ ಕೊಬ್ಬು, ಮೆಣಸಿನಕಾಯಿ ಕಲಸಿದ ಬುತ್ತಿ. ಎತ್ತರದಲ್ಲಿ ಉಸಿರು ಕಟ್ಟಿದರೆ ಜಗಿಯಲು ಈರುಳ್ಳಿ, ಬೆಳ್ಳುಳ್ಳಿ.

ನನ್ನ ಅಳತೆಯಲ್ಲಿ ಹೇಸರಗತ್ತೆ ಕಣ್ಣಿಗೇ ಕಾಣದು. ರಾಗಿ ಹೊಳೆಯಿತು. ಬಣ್ಣವೂ ಸರಿ, ಗಾತ್ರವೂ ಸರಿ. ಕಡೂರು ಕಡೆಯಿಂದ ಬಂದ ರಾಗಿಯನ್ನು ಅಮ್ಮ ಹಸನು ಮಾಡುತ್ತಿದ್ದಳು. ಮೊರದಿಂದ ಒಂದು ಹಿಡಿ ತೆಗೆದುಕೊಂಡೆ. "ತಿನ್ನುವ ಧಾನ್ಯವನ್ನು ಆಟಕ್ಕೆ ತಗೊಂಡೆಯಲ್ಲೋ" ಎಂದಳು. ಸಾವಿರ ಕಾಳು ಎಣಿಸಿ ಅಡುಗೆಮನೆಯ ತಕ್ಕಡಿಯಲ್ಲಿಟ್ಟರೆ ಮೂರು ಗ್ರಾಮಿಗೆ ಒಂದಿಷ್ಟು ಕಡಿಮೆ. ಹತ್ತು ಸಾವಿರಕ್ಕೆ ಮೂವತ್ತು ಗ್ರಾಮ್ ಕೂಡ ಇಲ್ಲ. ಒಂದು ಖಂಡದ ಹಣೆಬರಹ ಬದಲಿಸಿದ ಹೇರು ನನ್ನ ಅರ್ಧ ಮುಷ್ಟಿಯಲ್ಲಿತ್ತು.

ಆದರೆ ಕೆಂಪು ದಾರದ ಉದ್ದ ಒಂದೂವರೆ ಮೀಟರ್. ಒಂದು ಕಾಳಿನ ಅಗಲ ಒಂದೂವರೆ ಮಿಲಿಮೀಟರ್. ಒಂಟಿ ಸಾಲಿನಲ್ಲಿ ಹಿಡಿಸುವುದು ಸಾವಿರವೇ. ಬೆಟ್ಟದ ದಾರಿ ಒಂಟಿ ಸಾಲಿನದ್ದೇ ಆದ್ದರಿಂದ ಅದನ್ನು ಬಿಡಲು ಮನಸ್ಸಾಗಲಿಲ್ಲ. ಹತ್ತಕ್ಕೆ ಒಂದು ಕಾಳು ಎಂದು ತೀರ್ಮಾನಿಸಿ ಎಲ್ಲವನ್ನೂ ಈ ಒಂದೇ ದಾರಿಗೆ ಹಾಕಿದೆ. ನೀಲಿ ದಾರಿಯವರು ಕ್ಷಮಿಸಬೇಕು. ಚಿಮಟಿಗೆಯಿಂದ ಎತ್ತಿ, ಫೆವಿಕಾಲ್‌ನಲ್ಲಿ ಅದ್ದಿ, ಇಡು. ರಾತ್ರಿಗೆ ನೂರೈವತ್ತು ದಾಟುತ್ತಿರಲಿಲ್ಲ. ಮೂರನೆಯ ಬೆಳಿಗ್ಗೆ ನೋಡಿದರೆ ಅಂಟು ಒಣಗದಿದ್ದ ಕಡೆಯ ಮೂವತ್ತೆರಡು ಕಾಳು ಇರುವೆಗಳ ಪಾಲಾಗಿದ್ದವು. ಈಗ ಹಲಗೆಯ ನಾಲ್ಕು ಕಾಲುಗಳೂ ನೀರಿನ ಬಟ್ಟಲಲ್ಲಿವೆ.

ಸೆಪ್ಟೆಂಬರ್ 7

ಸೈನಿಕರಿಗೆ ಸಾಸಿವೆ ಎಂದುಕೊಂಡಿದ್ದೆ. ಕಪ್ಪಾಗಿ ಕಾಣುತ್ತದೆ ಎಂದು ಗೆಳೆಯನೊಬ್ಬ ತಕರಾರು ತೆಗೆದ. ಕಂಡರೆ ಕಾಣಲಿ. ಪದಾತಿದಳದ 7 ಮತ್ತು 8ನೆಯ ಬೆಟಾಲಿಯನ್‌ಗಳಲ್ಲಿ ಇದ್ದವರಲ್ಲಿ ಹೆಚ್ಚಿನವರು ಆಫ್ರಿಕಾ ಮೂಲದ ಗುಲಾಮರು. ಸೈನ್ಯಕ್ಕೆ ಸೇರಿದರೆ ಬಿಡುಗಡೆ ಎಂಬ ಮಾತಿನ ಮೇಲೆ ಬಂದವರು. ಅವರಲ್ಲಿ ಬಹಳ ಮಂದಿ ಮನೆಗೆ ಮರಳಲಿಲ್ಲ. ಸಾಸಿವೆಯೇ ಇರಲಿ ಎಂದು ಗಟ್ಟಿಮಾಡಿದೆ.

ಸೆಪ್ಟೆಂಬರ್ 21

ಸಾವಿರನೆಯ ಕಾಳು ಅಂಟಿಸಿ ಮುಗಿಸಿದೆ. ಮೆಂಡೋಸಾದಿಂದ ಹೊರಟು, 4,500 ಮೀಟರಿನ ಆಸುಪಾಸಿನ ಎಸ್ಪಿನಾಸಿಟೊ ಕಣಿವೆದಾರಿಯನ್ನೇರಿ, ಆಚೆಗೆ ಚಿಲಿಯ ಪುಟಾಯೆಂಡೊವರೆಗೆ ಸಾಲು ಎಲ್ಲೂ ಕಡಿದಿಲ್ಲ. ಮನೆಯವರನ್ನೆಲ್ಲ ಕರೆದು ತೋರಿಸಿದೆ. ಮೆಚ್ಚಿದರು.

ಮೆಚ್ಚಬಾರದಿತ್ತು, ಏಕೆಂದರೆ ಅದು ತಪ್ಪು. ಚಿಲಿಯ ಕಡೆಗೆ ಬದುಕಿ ಇಳಿದ ಹೇಸರಗತ್ತೆಗಳು ಸುಮಾರು 4,300. ಕುದುರೆಗಳು 500 ಚಿಲ್ಲರೆ. ನನ್ನ ಸಾಲು ಎರಡೂ ಕಡೆ ಒಂದೇ ದಟ್ಟಣೆಯಲ್ಲಿದೆ. ಇಳಿಜಾರಿನಲ್ಲಿ ಏಳು ಕಾಳಿಗೆ ನಾಲ್ಕನ್ನು ಕಿತ್ತು ಮೂರನ್ನು ಉಳಿಸಬೇಕು.

ಸೆಪ್ಟೆಂಬರ್ 28

ಕೀಳುವುದು ಅಂಟಿಸುವುದಕ್ಕಿಂತ ಕಷ್ಟ. ಸೂಜಿಮೊನೆಯಿಂದ ಮೀಟಿದರೆ ಕಾಳು ಸಿಡಿದು ಹೋಗುತ್ತದೆ. ಹೋದ ಜಾಗದಲ್ಲಿ ಫೆವಿಕಾಲ್‌ನ ಪುಟ್ಟ ಗುಂಡನೆಯ ಕಲೆ ಉಳಿಯುತ್ತದೆ. ಮೊದಲ ಹತ್ತಿಪ್ಪತ್ತರ ಮೇಲೆ ಮಣ್ಣಿನ ಬಣ್ಣ ಬಳಿದು ಮುಚ್ಚಿದೆ. ಆಮೇಲೆ ಬ್ರಷ್ ತೊಳೆದಿಟ್ಟೆ. ಆ ಕಲೆಗಳು ಹಾಗೆಯೇ ಇರಲಿ. ದೂರದಿಂದ ನೋಡುವವರಿಗೆ ಹಿಮದ ಚುಕ್ಕಿ ಅನ್ನಿಸಬಹುದು. ಬಳಿದವನ್ನೂ ಒದ್ದೆ ಬಟ್ಟೆಯಿಂದ ಒರೆಸಿದೆ.

ಕಿತ್ತ ಕಾಳುಗಳನ್ನು ಅಮ್ಮ ಕೇಳಿದಳು. ಅಂಟು ಮೆತ್ತಿದೆ, ಕೋಳಿಗೂ ಹಾಕುವಂತಿಲ್ಲ ಎಂದೆ.

ಉಳಿದಿರುವುದು ಚಿಲಿಯ ಚಾಕಾಬುಕೊ ಗುಡ್ಡ, ಬೆಟ್ಟ ಇಳಿದ ಸೈನ್ಯ ಸ್ಪೇನಿನವರೊಂದಿಗೆ ಕಾದಾಡಿದ ಫೆಬ್ರವರಿ 12ರ ಯುದ್ಧಭೂಮಿ. ಅಲ್ಲಿನ ಜಾಲರಿ ಬೂಸ್ಟಿನ ಕಾಲದಿಂದಲೂ ಒಂದು ಕಡೆ ತಗ್ಗಿ ಕೂತಿದೆ. ಮೊದಲು ಅದನ್ನು ಎತ್ತಿ ನಿಲ್ಲಿಸಬೇಕು. ಮೈದಾ ಅಂಟು ಒಲೆಯ ಮೇಲಿದೆ, ಮೈಲುತುತ್ತ ಹಾಕಿಯಾಗಿದೆ.