ರಸೀತಿ ಯಾರ ಹೆಸರಲ್ಲಿದೆ?

ಧಾರವಾಡದ ವಕೀಲರು ನಮ್ಮ ಕಥೆ ಪೂರ್ತಿ ಕೇಳಲೇ ಇಲ್ಲ. ನಾವು ಗಂಗಾವತಿಯಿಂದ ನಸುಕಿನ ಬಸ್ಸಿಗೆ ಹೊರಟು, ಮಾರ್ಕ್ಸ್ ಕಾರ್ಡು, ಹಾಲ್ ಟಿಕೆಟ್ಟು, ಪ್ರಾಸ್ಪೆಕ್ಟಸ್ಸು ಅಂತ ಒಂದು ಚೀಲ ತುಂಬಿಸಿಕೊಂಡು ಹೋಗಿದ್ದೆವು. ಅವರು ಅದರಲ್ಲಿ ಫೀಸ್ ಕಟ್ಟಿದ ರಸೀತಿಗಳನ್ನಷ್ಟೇ ಆರಿಸಿಕೊಂಡು "ಇವು ಯಾರ ಹೆಸರಿನಾಗ ಅದಾವ ನೋಡ್ರಿ" ಅಂದರು. ನೋಡಿದೆವು. ಇಷ್ಟು ವರ್ಷದಲ್ಲಿ ಅವತ್ತೇ ಮೊದಲು ನೋಡಿದ್ದು. ಯೂನಿವರ್ಸಿಟಿ ಹೆಸರು ಎಲ್ಲೂ ಇಲ್ಲ. ಯಾವುದೋ ಎಜುಕೇಶನ್ ಟ್ರಸ್ಟ್.

ಕೇಸು ನನ್ನ ಹೆಂಡತಿಯ ತಮ್ಮನದು. ತೋರಣಗಲ್ಲು ಕಡೆ ಕಾರ್ಖಾನೆಯಲ್ಲಿ ಕೆಲಸ, ಓದಿದ್ದು ಡಿಪ್ಲೊಮಾ. ಮೇಲೆ ಹೋಗಬೇಕೆಂದರೆ ಬಿ.ಟೆಕ್ ಬೇಕು, ಶಿಫ್ಟ್ ಬಿಟ್ಟು ಕಾಲೇಜಿಗೆ ಹೋಗೋಕಾಗಲ್ಲ. ಹೊಸಪೇಟೆಯಲ್ಲಿ ಒಂದು ಬೇಕರಿ ಮೇಲಿನ ಮಹಡಿಯಲ್ಲಿ ಹೊರ ರಾಜ್ಯದ ಯೂನಿವರ್ಸಿಟಿಯ ಸ್ಟಡಿ ಸೆಂಟರ್ ಇತ್ತು. ದೂರಶಿಕ್ಷಣದಲ್ಲಿ ಬಿ.ಟೆಕ್, ಭಾನುವಾರ ಮಾತ್ರ ಕ್ಲಾಸು. ಲ್ಯಾಬ್ ಅಂತ ಒಂದು ಬೀರು ಇತ್ತಂತೆ, ಅದರ ಕೀಲಿ ಯಾರ ಹತ್ತಿರ ಇತ್ತೋ ದೇವರಿಗೇ ಗೊತ್ತು. ಸೇರುವ ಮೊದಲು ಪ್ರಾಸ್ಪೆಕ್ಟಸ್ಸನ್ನು ನನಗೂ ತೋರಿಸಿದ್ದ. ನಾನು ಯೂನಿವರ್ಸಿಟಿ ಹೆಸರು ಯುಜಿಸಿ (ಯೂನಿವರ್ಸಿಟಿಗಳನ್ನು ನೋಡಿಕೊಳ್ಳುವ ಕೇಂದ್ರದ ಆಯೋಗ) ಪಟ್ಟಿಯಲ್ಲಿದೆಯಾ ಅಂತ ನೋಡಿ, ಇದೆ, ಸೇರಿಕೋ ಅಂದಿದ್ದೆ. ಕ್ಸೆರಾಕ್ಸ್, ಆನ್‌ಲೈನ್ ಅರ್ಜಿ ತುಂಬೋ ಅಂಗಡಿ ನನ್ನದು, ಇಂಥದ್ದೆಲ್ಲ ನನಗೆ ಗೊತ್ತು ಅನ್ನೋ ಸೊಕ್ಕು.

ಪ್ರಮೋಷನ್ ಸಮಯಕ್ಕೆ ಕಂಪನಿಯವರು ಸರ್ಟಿಫಿಕೇಟನ್ನು ವೆರಿಫಿಕೇಶನ್‌ಗೆ ಕಳಿಸಿದರು. ಈ ಕೋರ್ಸಿಗೆ ದೂರಶಿಕ್ಷಣದಲ್ಲಿ ಅನುಮತಿ ಇಲ್ಲ ಅಂತ ಉತ್ತರ ಬಂತು. ಹೊಸಪೇಟೆಗೆ ಓಡಿದ. ಕೆಳಗೆ ಬೇಕರಿ ಹಾಗೇ ಇದೆ, ಮೇಲೆ ಬೀಗ. ಯೂನಿವರ್ಸಿಟಿಗೆ ಬರೆದರೆ, ಆ ಊರಿನಲ್ಲಿ ನಮ್ಮ ಸೆಂಟರೇ ಇರಲಿಲ್ಲ ಅಂದುಬಿಟ್ಟರು. ಇಂಥ ಕೇಸುಗಳಲ್ಲಿ ರಸೀತಿಗೆ ಯಾಕಷ್ಟು ಬೆಲೆ ಅಂತ ನಮಗೆ ಆಗ ಅರ್ಥವಾಯಿತು. ದುಡ್ಡು ಇಸ್ಕೊಂಡವನು ಒಬ್ಬ, ಮಾರ್ಕ್ಸ್ ಕಾರ್ಡ್ ಕೊಟ್ಟವನು ಇನ್ನೊಬ್ಬ. ಇಬ್ಬರೂ ಒಬ್ಬರನ್ನೊಬ್ಬರು ತೋರಿಸುತ್ತಾರೆ.

ಹೈಕೋರ್ಟಿನಲ್ಲಿ ರಿಟ್ ಹಾಕಿ ಪದವಿ ಉಳಿಸಿಕೊಳ್ಳೋಣ ಅಂತಲೇ ನಾವು ಧಾರವಾಡಕ್ಕೆ ಹೋಗಿದ್ದು. ಬಳ್ಳಾರಿ, ಕೊಪ್ಪಳದವರಿಗೆ ಧಾರವಾಡ ಪೀಠ, ರಾಯಚೂರಿನವರಿಗೆ ಕಲಬುರಗಿ. ವಕೀಲರು ಆ ಆಸೆಗೆ ಅಲ್ಲೇ ಎಳ್ಳುನೀರು ಬಿಟ್ಟರು. ಒಡಿಶಾದ ಏತ ನೀರಾವರಿ ನಿಗಮದ ನೌಕರರ ತಕರಾರಿನಲ್ಲಿ ಸುಪ್ರೀಂ ಕೋರ್ಟ್ 2017ರ ನವೆಂಬರಿನಲ್ಲಿ ಕೊಟ್ಟ ತೀರ್ಪನ್ನು ಅವರು ತೆಗೆದು ತೋರಿಸಿದರು. ನಾಲ್ಕು ಡೀಮ್ಡ್ ಯೂನಿವರ್ಸಿಟಿಗಳು (ಯೂನಿವರ್ಸಿಟಿಯ ಸ್ಥಾನಮಾನ ಸಿಕ್ಕ ಸಂಸ್ಥೆಗಳು) ಅನುಮತಿ ಇಲ್ಲದೆ ದೂರಶಿಕ್ಷಣದಲ್ಲಿ ಇಂಜಿನಿಯರಿಂಗ್ ಕಲಿಸಿದ್ದವು. 2001ರಿಂದ 2005ರ ನಡುವೆ ಸೇರಿದವರ ಪದವಿ ಅಮಾನತು, ತಾಂತ್ರಿಕ ಶಿಕ್ಷಣ ನೋಡಿಕೊಳ್ಳುವ ಎಐಸಿಟಿಇಯ ಪರೀಕ್ಷೆ ಪಾಸಾದರೆ ಮಾತ್ರ ಉಳಿಯುತ್ತದೆ ಅಂತ ಆಗ ತೀರ್ಪಾಗಿತ್ತು. ಆಮೇಲೆ ಸೇರಿದವರದ್ದು ರದ್ದು, ಫೀಸು ವಾಪಸ್. ಯಂತ್ರ ಮುಟ್ಟದೆ, ಲ್ಯಾಬ್ ನೋಡದೆ ಇಂಜಿನಿಯರ್ ಆಗೋದು ಹ್ಯಾಂಗ ಅಂತ ವಕೀಲರೂ ಕೇಳಿದರು. ನನ್ನ ಭಾಮೈದ ಹತ್ತು ವರ್ಷದಿಂದ ದಿನಾ ಯಂತ್ರ ಮುಟ್ಟುತ್ತಲೇ ಇದ್ದಾನೆ, ಪಾಪ, ಸುಮ್ನೆ ಕೂತಿದ್ದ.

ಅಸಲಿ ಯೂನಿವರ್ಸಿಟಿ ಆದರೆ ಸಾಕು ಅಂತ ನಾನು ನಂಬಿದ್ದೆನಲ್ಲ, ಅದು ನಮ್ಮ ರಾಜ್ಯದಲ್ಲೇ ಸುಳ್ಳಾಗಿತ್ತು. ಮೈಸೂರಿನ ಮುಕ್ತ ವಿಶ್ವವಿದ್ಯಾಲಯ ಸರ್ಕಾರದ್ದೇ, 1996ರಿಂದ ಇದೆ. ರಾಜ್ಯದ ಹೊರಗೆ ಖಾಸಗಿಯವರ ಜೊತೆ ಸೇರಿ ಸೆಂಟರ್ ನಡೆಸಿದ್ದು, ಅನುಮತಿ ಇಲ್ಲದೆ ತಾಂತ್ರಿಕ ಕೋರ್ಸು ಕೊಟ್ಟಿದ್ದು, ಇವೇ ಕಾರಣಕ್ಕೆ ಯುಜಿಸಿ 2015ರ ಜೂನಿನಲ್ಲಿ, 2012-13ರ ನಂತರ ಇದಕ್ಕೆ ಮಾನ್ಯತೆ ಇಲ್ಲ ಅಂತ ಪ್ರಕಟಣೆ ಹೊರಡಿಸಿತು. ಮತ್ತೆ ಮಾನ್ಯತೆ ಬಂದಿದ್ದು 2018ರಲ್ಲಿ. ನಡುವೆ ಸೇರಿ, ಮನೆಯಲ್ಲೇ ಕೂತು ಬಿ.ಎ. ಓದಿದವರಿಗೂ ಏಟು ಬಿತ್ತು. ಅವರದ್ದು ಏನು ತಪ್ಪು ಹೇಳಿ? ಹಾಗಾಗಿ ಹೆಸರು ನೋಡಿದರೆ ಸಾಲದು. ಈ ಕೋರ್ಸಿಗೆ, ನೀವು ಸೇರುವ ಈ ವರ್ಷಕ್ಕೆ, ದೂರಶಿಕ್ಷಣದಲ್ಲೇ ಅನುಮತಿ ಇದೆಯಾ ಅಂತ ನೋಡಬೇಕು. ಸೆಂಟರ್ ನಡೆಸುವ ಊರು ಆ ಯೂನಿವರ್ಸಿಟಿಯ ವ್ಯಾಪ್ತಿಯೊಳಗೆ ಬರುತ್ತದಾ ಅಂತಲೂ.

ಪದವಿ ಹೋಯಿತು, ದುಡ್ಡಾದರೂ ಬರಲಿ ಅಂತ ಗ್ರಾಹಕ ಆಯೋಗದ ದಾರಿ ಹಿಡಿದೆವು. ಶಿಕ್ಷಣ ಸೇವೆಯೇ ಅಲ್ಲ, ಗ್ರಾಹಕ ಕಾಯ್ದೆಗೆ ಬರಲ್ಲ ಅನ್ನುವ ತೀರ್ಪುಗಳೂ ಇವೆ, ಎದುರಿನವರು ಅದನ್ನೇ ಎತ್ತಿದರು. ಆದರೆ ಮಾನ್ಯತೆ ಇಲ್ಲದೆ ಇದೆ ಅಂತ ಜಾಹೀರಾತು ಕೊಟ್ಟಿದ್ದ ಒಂದು ದಂತ ಕಾಲೇಜಿನ ಕೇಸಿನಲ್ಲಿ ಸುಪ್ರೀಂ ಕೋರ್ಟ್ 2009ರಲ್ಲಿ ಓದುವ ಮಕ್ಕಳ ಪರ ನಿಂತಿದೆ. ನಮ್ಮ ಕೈಯಲ್ಲಿರೋದು ಅದೇ. 2019ರ ಕಾಯ್ದೆಯಿಂದ ಒಂದು ಉಪಕಾರ ಆಗಿದೆ, ನಾವಿರುವ ಜಿಲ್ಲೆಯಲ್ಲೇ ದೂರು ಹಾಕಬಹುದು, ಹೊರ ರಾಜ್ಯಕ್ಕೆ ಅಲೆಯಬೇಕಿಲ್ಲ. ಅವನು ಬಳ್ಳಾರಿಯಲ್ಲಿ ಹಾಕಿದ. ದೂರಿಗೆ ಎರಡೇ ವರ್ಷದ ಗಡುವು. ಅದನ್ನು ಫೀಸ್ ಕಟ್ಟಿದ ದಿನದಿಂದ ಎಣಿಸಬೇಕೋ, ಕೋರ್ಸಿಗೆ ಅನುಮತಿ ಇಲ್ಲ ಅನ್ನೋ ಕಾಗದ ಕೈ ಸೇರಿದ ದಿನದಿಂದಲೋ ಅನ್ನೋದರ ಮೇಲೇ ಎಷ್ಟು ತಾರೀಖು ಹೋದವೋ ಲೆಕ್ಕವಿಲ್ಲ. ಇನ್ನೂ ನಡೀತಿದೆ.

ನನಗೆ ಜಾಸ್ತಿ ಹೊಟ್ಟೆ ಉರಿದಿದ್ದು ಬೇರೆ ವಿಷಯಕ್ಕೆ. ಅಧಿಕಾರ ಇಲ್ಲದೆ ಪದವಿ ಕೊಟ್ಟವರಿಗೆ 1956ರ ಯುಜಿಸಿ ಕಾಯ್ದೆಯಲ್ಲಿ ಇಟ್ಟ ದಂಡ ಹೆಚ್ಚೆಂದರೆ 1,000 ರೂಪಾಯಿ! ನಮ್ಮ ಇಬ್ಬರ ಬಸ್ ಚಾರ್ಜು, ಊಟ, ಕ್ಸೆರಾಕ್ಸು ಒಂದು ತಾರೀಖಿಗೆ ಅದಕ್ಕಿಂತ ಜಾಸ್ತಿ ಆಗುತ್ತದೆ. ಕ್ಸೆರಾಕ್ಸ್ ನನ್ನ ಅಂಗಡಿಯದೇ ಆದರೂ.

ಈಗ 2024ರಿಂದ ದೂರಶಿಕ್ಷಣಕ್ಕೆ ಸೇರುವವರು ಯುಜಿಸಿ ತಾಣದಲ್ಲಿ ಡಿಇಬಿ ಐಡಿ, ಅಂದರೆ ಅದರ ದೂರಶಿಕ್ಷಣ ವಿಭಾಗದ ಗುರುತಿನ ನಂಬರು, ಮಾಡಿಸಬೇಕು. ಅದಕ್ಕೆ ಅಂತ ಮೊನ್ನೆ ಕನಕಗಿರಿ ಕಡೆಯ ಒಬ್ಬ ಹುಡುಗಿ ಅಂಗಡಿಗೆ ಬಂದಳು, ಕೈಯಲ್ಲಿ ಬಣ್ಣದ ಪಾಂಪ್ಲೆಟ್. ನಾನು ಪಟ್ಟಿ ತೆಗೆದೆ. ಯೂನಿವರ್ಸಿಟಿ ಇತ್ತು, ಅವಳು ಕೇಳಿದ ಕೋರ್ಸು ಇರಲಿಲ್ಲ.

"ಹೆಸರು ಐತಲ್ರಿ ಅಣ್ಣಾರ," ಅಂದಳು. ಥೇಟ್ ನಾನು ಅಂದಿದ್ದ ಮಾತೇ.

ನಾನು ಭಾಮೈದನ ಕಥೆ ಹೇಳಿದೆ. ನಂಬಿದಳೋ ಇಲ್ಲವೋ. ಆಮೇಲೆ ಹೊರಗೆ ನಿಂತು ಪಾಂಪ್ಲೆಟ್ಟಿನ ನಂಬರಿಗೆ ಫೋನ್ ಹಚ್ಚಿದಳು. "ಸರ, ದುಡ್ಡು ಕಟ್ಟಿದ್ರ ರಸೀತಿ ಯಾರ ಹೆಸರಿಗೆ ಕೊಡ್ತೀರಿ?" ಅಂತ ಕೇಳೋದು ಒಳಗೆ ಕೂತ ನನಗೂ ಕೇಳಿಸಿತು.