ಜೀವಾವಧಿ ಅಂದ್ರೆ 14 ವರ್ಷ ಅಲ್ವಾ? ಕೋರ್ಟಿಗೆ ಹಾಕಿದ್ರೆ ಬಿಡ್ತಾರಾ?

ಕಾಸರಗೋಡಿನ ವಿದ್ಯಾನಗರದಲ್ಲಿ ವಕೀಲರ ಗುಮಾಸ್ತನಾಗಿರುವ ನನಗೆ ಮದುವೆ ಊಟದ ಪಂಕ್ತಿಯಲ್ಲೂ ಈ ಪ್ರಶ್ನೆ ತಪ್ಪಿದ್ದಲ್ಲ. "ನಮ್ಮವನು ಕಣ್ಣೂರು ಜೈಲಿಗೆ ಹೋಗಿ 14 ವರ್ಷ ಆಯ್ತು ಮಾರಾಯ್ರೇ, ಇನ್ನೂ ಯಾಕೆ ಬಿಟ್ಟಿಲ್ಲ? ಹೈಕೋರ್ಟಿಗೆ ಹಾಕಿದ್ರೆ ಆಗ್ತದಾ?" ಒಬ್ಬೊಬ್ಬರಿಗೇ ಹೇಳಿ ಸಾಕಾಗಿದೆ. ಇಲ್ಲಿ ಬರೆದಿಡುತ್ತೇನೆ.

ಜೀವಾವಧಿ ಅಂದರೆ ಸಾಯುವ ತನಕ. ಸುಪ್ರೀಂ ಕೋರ್ಟ್ ಇದನ್ನು 1961ರಲ್ಲೇ, ಗಾಂಧಿ ಕೊಲೆಗೆ ಜೀವಾವಧಿ ಆಗಿದ್ದ ಗೋಪಾಲ ಗೋಡ್ಸೆಯ ಕೇಸಿನಲ್ಲಿ ಹೇಳಿದೆ. 14ರ ಲೆಕ್ಕ ಬಂದದ್ದು ಹಳೆಯ ಕ್ರಿಮಿನಲ್ ಪ್ರಕ್ರಿಯಾ ಸಂಹಿತೆಗೆ (ಸಿಆರ್‌ಪಿಸಿ) 1978ರಲ್ಲಿ ಸೇರಿಸಿದ 433ಎ ಸೆಕ್ಷನ್ನಿನಿಂದ, ಅದರ ಜಾಗಕ್ಕೆ ಬಂದ ಈಗಿನ ಬಿಎನ್‌ಎಸ್‌ಎಸ್ ಕಾನೂನಿನಲ್ಲಿ ಅದು 475. ಕೊಲೆಯಂಥ, ಗಲ್ಲು ಕೂಡ ಆಗಬಹುದಾಗಿದ್ದ ಕೇಸಿನಲ್ಲಿ ಕನಿಷ್ಠ 14 ವರ್ಷ ನಿಜವಾಗಿ ಒಳಗಿರದೆ ಸರ್ಕಾರ ಬಿಡುವ ಹಾಗಿಲ್ಲ, ಅಷ್ಟೇ ಅದರ ಅರ್ಥ. 14 ಆದ ಕೂಡಲೇ ಬಿಡಬೇಕು ಅಂತ ಎಲ್ಲೂ ಇಲ್ಲ. ವಿಚಾರಣೆ ಕಾಲದಲ್ಲಿ ಜೈಲಿನಲ್ಲಿದ್ದ ದಿನ ಲೆಕ್ಕಕ್ಕೆ ಸೇರುತ್ತದೆ. ಪರೋಲಿನಲ್ಲಿ ಮನೆಗೆ ಬಂದಿದ್ದ ದಿನ? ಗೋವಾದ ಕೈದಿಗಳ ಕೇಸಿನಲ್ಲಿ 2023ರಲ್ಲಿ ಸುಪ್ರೀಂ ಕೋರ್ಟ್ ಅದು ಸೇರುವುದಿಲ್ಲ ಎಂದಿತು.

ಇನ್ನು ಬಿಡುವವರು ಯಾರು? ಜಡ್ಜ್ ಅಲ್ಲ, ಸರ್ಕಾರ. ಜೈಲಿನ ಸಲಹಾ ಸಮಿತಿ ಕೂರುತ್ತದೆ, ಪೊಲೀಸರದ್ದೊಂದು ವರದಿ, ಪ್ರೊಬೇಷನ್ ಆಫೀಸರದ್ದೊಂದು ವರದಿ ಬರುತ್ತದೆ, ಕಡತ ತಿರುವನಂತಪುರಕ್ಕೆ ಹೋಗುತ್ತದೆ. ನಮ್ಮ ಗಡಿಯವರು ಜಾಸ್ತಿ ಎಡವುವುದು ಇಲ್ಲೇ. ಯಾವ ಸರ್ಕಾರ? ಶಿಕ್ಷೆ ಕೊಟ್ಟ ಕೋರ್ಟ್ ಯಾವ ರಾಜ್ಯದಲ್ಲಿದೆಯೋ ಆ ಸರ್ಕಾರ. ಮನೆ ಮಂಜೇಶ್ವರದಲ್ಲಿದ್ದು, ರೇಷನ್ ಕಾರ್ಡ್ ಕೇರಳದ್ದಾಗಿದ್ದು, ಶಿಕ್ಷೆ ಮಂಗಳೂರು ಕೋರ್ಟಿನಲ್ಲಿ ಆಗಿದ್ದರೆ ತಿರುವನಂತಪುರಕ್ಕೆ ಎಷ್ಟು ಅರ್ಜಿ ಹಾಕಿದರೂ ಸುಮ್ನೆ, ಅದನ್ನು ನೋಡಬೇಕಾದ್ದು ಬೆಂಗಳೂರು. 2002ರ ಗುಜರಾತ್ ಗಲಭೆಯಲ್ಲಿ ನಡೆದ ಅತ್ಯಾಚಾರ, ಕೊಲೆಗಳ ಬಿಲ್ಕಿಸ್ ಬಾನೊ ಕೇಸಿನ 11 ಜನರ ಬಿಡುಗಡೆಯನ್ನು 2024ರ ಜನವರಿಯಲ್ಲಿ ಸುಪ್ರೀಂ ಕೋರ್ಟ್ ರದ್ದು ಮಾಡಿದ್ದಕ್ಕೆ ಮುಖ್ಯ ಕಾರಣವೂ ಇದೇ. ಅಪರಾಧ ನಡೆದದ್ದು ಗುಜರಾತಿನಲ್ಲಿ, ಶಿಕ್ಷೆ ಆದದ್ದು ಮುಂಬೈಯಲ್ಲಿ, ಬಿಟ್ಟದ್ದು ಮಾತ್ರ ಗುಜರಾತ್ ಸರ್ಕಾರ.

ಹಾಗಾದರೆ ಕೋರ್ಟಿಗೆ ಏನು ಕೆಲಸ? ಸರ್ಕಾರ ಸರಿಯಾಗಿ ಯೋಚಿಸಿ ತೀರ್ಮಾನ ಮಾಡಿದೆಯೋ ಇಲ್ಲವೋ ಅಂತ ನೋಡುವುದು. ಸುಪ್ರೀಂ ಕೋರ್ಟಿನ 2000ದ ಲಕ್ಷ್ಮಣ್ ನಸ್ಕರ್ ತೀರ್ಪಿನಲ್ಲಿ ಏನೇನು ನೋಡಬೇಕು ಅಂತಿದೆ: ಅಪರಾಧ ಇಡೀ ಸಮಾಜಕ್ಕೆ ತಟ್ಟಿದ್ದಾ, ಮತ್ತೆ ಮಾಡುವ ಸಂಭವ ಇದೆಯಾ, ಇನ್ನೂ ಒಳಗಿಟ್ಟು ಪ್ರಯೋಜನ ಉಂಟಾ, ಮನೆಯ ಸ್ಥಿತಿ ಹೇಗಿದೆ. ಆದರೆ ನಾನು ನೋಡಿದ ಪೊಲೀಸ್ ವರದಿಗಳಲ್ಲಿ ಹೆಚ್ಚಿನವು ಒಂದೇ ಸಾಲು. "ಬಿಟ್ಟರೆ ಊರಿನಲ್ಲಿ ಶಾಂತಿ ಕೆಡಬಹುದು." ಯಾರನ್ನು ಕೇಳಿದ್ರಿ? ಊರಿಗೆ ಹೋಗಿದ್ರಾ? ಅದಿಲ್ಲ. ಕೊಲೆಯಾದವನ ಮನೆಯವರು ಎಂದೋ ಊರು ಬಿಟ್ಟಿರುತ್ತಾರೆ, ಇವನು ಎರಡು ಸಲ ಪರೋಲಿಗೆ ಬಂದು ತೋಟಕ್ಕೆ ನೀರು ಬಿಟ್ಟು ಸುಮ್ಮನೆ ವಾಪಸ್ ಹೋಗಿರುತ್ತಾನೆ, ವರದಿ ಮಾತ್ರ ಹಳೆಯದರ ನಕಲು. ಇಂಥ ಸಾಲನ್ನು ನಂಬಿ ಅರ್ಜಿ ತಿರಸ್ಕರಿಸಿದ್ದರೆ ಹೈಕೋರ್ಟಿನಲ್ಲಿ ಹಿಡಿಯಲು ಜಾಗ ಇದೆ. ಸಾಮಾನ್ಯವಾಗಿ ಆಗುವುದು ಏನೆಂದರೆ, ಕೋರ್ಟ್ ಆ ಆದೇಶ ರದ್ದು ಮಾಡಿ "ಮತ್ತೆ ನೋಡಿ" ಅನ್ನುತ್ತದೆ. ನೇರ ಬಿಡುಗಡೆ ಅಪರೂಪ. 2023ರ ಸೆಪ್ಟೆಂಬರ್‌ನಲ್ಲಿ 26 ವರ್ಷಕ್ಕಿಂತ ಹೆಚ್ಚು ಒಳಗಿದ್ದ ಕೇರಳದ ಒಬ್ಬ ಕೈದಿಯನ್ನು ಸುಪ್ರೀಂ ಕೋರ್ಟೇ ಬಿಡಿಸಿತು, ನಿಜ. ಅದನ್ನು ತೋರಿಸಿ "ನಮಗೂ ಹಾಗೇ" ಅನ್ನಬೇಡಿ.

ಕೊಲೆಯಾದವರ ಮನೆಯವರೂ ಇದೇ ಊರಿನವರು, ಅವರ ಸಿಟ್ಟು ಸುಳ್ಳಲ್ಲ. ಅವರ ಮಾತನ್ನೂ ಕೇಳಲಿ ಅಂತಲೇ ನನ್ನ ಅಭಿಪ್ರಾಯ. ಆದರೆ ಕೇಳದೆಯೇ ಅವರ ಹೆಸರಿನಲ್ಲಿ ಬೇಡ ಎಂದು ಬರೆಯುವುದು ಯಾವ ನ್ಯಾಯ?

2025ರ ಫೆಬ್ರವರಿಯಲ್ಲಿ ಒಂದು ಒಳ್ಳೆಯ ಆದೇಶ ಬಂದಿದೆ. ಬಿಡುಗಡೆ ನೀತಿ ಇರುವ ರಾಜ್ಯಗಳು ಕೈದಿ ಅರ್ಜಿ ಹಾಕದಿದ್ದರೂ, ಅರ್ಹನಾದಾಗ ತಾವೇ ಅವನ ವಿಷಯ ನೋಡಬೇಕು, ಆದೇಶದಲ್ಲಿ ಕಾರಣ ಬರೆಯಬೇಕು, ಅದನ್ನು ಅವನಿಗೆ ತಿಳಿಸಬೇಕು ಅಂತ ಸುಪ್ರೀಂ ಕೋರ್ಟ್ ಹೇಳಿದೆ. ಆದ್ದರಿಂದ ಮೊದಲು ಕೇಳಬೇಕಾದ್ದು ನಿಮ್ಮವನ ವಿಷಯದಲ್ಲಿ ಸರ್ಕಾರ ಮಾಡಿದ ಆದೇಶದ ಪ್ರತಿ. ವಕೀಲರ ಖರ್ಚಿಗೆ ಹೆದರಬೇಡಿ, ಜೈಲಿನಲ್ಲಿರುವವರಿಗೆ ಆದಾಯ ಎಷ್ಟೇ ಇದ್ದರೂ ಕಾನೂನು ಸೇವಾ ಪ್ರಾಧಿಕಾರದಿಂದ ಉಚಿತವಾಗಿ ವಕೀಲರು ಸಿಗುತ್ತಾರೆ. ನನ್ನ ಹತ್ತಿರ ಬರುವುದಾದರೆ ತೀರ್ಪಿನ ಪ್ರತಿ, ಪರೋಲಿನ ಕಾಗದ, ತಿರಸ್ಕರಿಸಿದ ಆದೇಶ ತನ್ನಿ. ಮಲಯಾಳದಲ್ಲಿದ್ದರೂ ಪರವಾಗಿಲ್ಲ, ಓದಿ ಹೇಳುತ್ತೇನೆ.